ಅತ್ತಿಕಾಯಿಯ ಕಣಜ: ಹೊರಬರಿಸುವ ಡಬ್ಬಿ, ಕೊಂಬೆಗೆ ಕಟ್ಟುವ ಚೀಲ

ಅತ್ತಿಹಣ್ಣು ಬಿಚ್ಚಿದರೆ ಹುಳ ಎನ್ನುವುದು ನಮ್ಮ ಕಡೆ ಎಲ್ಲರಿಗೂ ಗೊತ್ತು. ಆ ಹುಳಗಳಲ್ಲಿ ಬಹುಪಾಲು ಕಣಜ, ಅಂದರೆ ಕಡಜದ ಬಳಗದ ಪುಟ್ಟ ಕೀಟಗಳು. ಅವುಗಳಲ್ಲಿ ಪರಾಗ ಹೊತ್ತು ತಂದವರ ಸಂತಾನ ಯಾವುದು, ಹೊರಗಿನಿಂದ ಮೊಟ್ಟೆಯಿಡುವ ಸೂಜಿ ಚುಚ್ಚಿ ಗಂಟು ಕಟ್ಟಿಸಿದ್ದು ಯಾವುದು, ಇನ್ನೊಬ್ಬರ ಗಂಟಿಗೆ ಕನ್ನ ಹಾಕಿದ್ದು ಯಾವುದು ಎಂದು ಬಿಡಿಸಿ ನೋಡಲು ಎರಡು ಸಾಮಾನು ಬೇಕು: ಕಿತ್ತ ಕಾಯಿ ಇಡಲು ಕತ್ತಲ ಡಬ್ಬಿ, ಮರದಲ್ಲಿರುವ ಕಾಯಿಗೆ ಹೊದಿಸಲು ಬಟ್ಟೆಯ ಚೀಲ. ಎರಡಕ್ಕೂ ಬೇಕಾದದ್ದೆಲ್ಲ ಹುಬ್ಬಳ್ಳಿಯ ದುರ್ಗದ ಬೈಲಿನ ಸುತ್ತಮುತ್ತ ಅಥವಾ ಧಾರವಾಡದ ಪೇಟೆಯಲ್ಲಿ ಒಂದೇ ಸುತ್ತಿಗೆ ಸಿಗುತ್ತದೆ. ಆದರೆ ಒಂದು ಮಾತು ಮೊದಲೇ ಹೇಳಬೇಕು. ಡಬ್ಬಿ ಎಷ್ಟೇ ಅಚ್ಚುಕಟ್ಟಾಗಿದ್ದರೂ ಕಾಯಿ ಕೀಳುವ ಹೊತ್ತು ತಪ್ಪಿದರೆ ಸಿಗುವುದು ಗಂಟಿನೊಳಗೇ ಸತ್ತ ಹುಳಗಳು ಮಾತ್ರ. ಈ ಕೆಲಸದಲ್ಲಿ ಮುಕ್ಕಾಲು ಪಾಲು ಜಾಣತನ ಕಾಯಿ ನೋಡುವುದರಲ್ಲಿದೆ.

ಕಾಯಿ ಯಾವ ಹಂತದಲ್ಲಿದೆ

ಅತ್ತಿಕಾಯಿ ನಿಜವಾಗಿ ಒಳಮುಖವಾಗಿ ಮುಚ್ಚಿಕೊಂಡ ಹೂಗೊಂಚಲು. ಒಳಗೋಡೆಯ ತುಂಬ ಹೆಣ್ಣು ಹೂಗಳು, ಮೂತಿಯ, ಅಂದರೆ ತೊಟ್ಟಿನ ಎದುರು ತುದಿಯ ಸಣ್ಣ ಬಾಯಿಯ, ಸುತ್ತ ಗಂಡು ಹೂಗಳು. ಅತ್ತಿಗೆ, ಅಂದರೆ ಫೈಕಸ್ ರೆಸಿಮೋಸಾ ಮರಕ್ಕೆ, ಪರಾಗ ತರುವ ಕಣಜ ಸೆರಟೊಸೋಲೆನ್ ಫ್ಯುಸಿಸೆಪ್ಸ್. ಸುಮಾರು 2 ಮಿ.ಮೀ. ಉದ್ದದ ಹೆಣ್ಣು ಮೂತಿಯ ಒತ್ತೊತ್ತಾದ ಎಸಳುಗಳ ನಡುವೆ ತೂರಿ ಒಳಹೋಗುವಾಗ ರೆಕ್ಕೆ ಕಳೆದುಕೊಳ್ಳುತ್ತದೆ, ಮೀಸೆಯ ತುದಿಯೂ ಮುರಿಯುತ್ತದೆ. ಒಳಗೆ ಕೆಲವು ಹೂಗಳ ಅಂಡಾಶಯಕ್ಕೆ ಮೊಟ್ಟೆ ಇಡುತ್ತದೆ, ಮುಂಗಾಲಿನಿಂದ ಎದೆಯ ಜೇಬಿನ ಪರಾಗ ತೆಗೆದು ಹೂಗಳಿಗೆ ಹಚ್ಚುತ್ತದೆ. ಮೊಟ್ಟೆ ಬಿದ್ದ ಹೂವು ಉಬ್ಬಿ ಗಂಟಾಗುತ್ತದೆ, ಒಂದು ಗಂಟಿಗೆ ಒಂದೇ ಮರಿ. ಪರಾಗ ಬಿದ್ದು ಮೊಟ್ಟೆ ಬೀಳದ ಹೂವು ಬೀಜವಾಗುತ್ತದೆ.

ಕಾಯಿಯ ಬೆಳವಣಿಗೆಯನ್ನು ಗಲಿಲ್ ಮತ್ತು ಐಸಿಕೊವಿಚ್ 1968ರಲ್ಲಿ ಐದು ಹಂತಗಳಾಗಿ ವಿಂಗಡಿಸಿದರು, ಇಂದಿಗೂ ಎಲ್ಲರೂ ಬಳಸುವುದು ಅದನ್ನೇ. ನಾವೂ ಎ, ಬಿ, ಸಿ, ಡಿ, ಇ ಎಂದೇ ಬರೆಯುತ್ತೇವೆ. ಎ ಹಂತದ ಕಾಯಿ ಗಟ್ಟಿ, ಸಣ್ಣದು, ಮೂತಿ ಬಿಗಿ. ಬಿ ಹಂತದಲ್ಲಿ ಮೂತಿಯ ಎಸಳು ತುಸು ಸಡಿಲ. ಕಾಯಿಯ ಮೇಲೆ ಕಪ್ಪು ಹುಳ ಓಡಾಡುತ್ತವೆ, ಮೂತಿಯಲ್ಲಿ ಹರಿದ ರೆಕ್ಕೆ ಸಿಕ್ಕಿಕೊಂಡು ಮಿನುಗುತ್ತದೆ. ಈ ಹಂತ ಕೆಲವೇ ದಿನ. ಸಿ ಹಂತ ವಾರಗಟ್ಟಲೆ ಎಳೆಯುತ್ತದೆ: ಕಾಯಿ ದಪ್ಪವಾಗುತ್ತ ಹೋಗುತ್ತದೆ, ಮೂತಿ ಮತ್ತೆ ಬಿಗಿಯಾಗುತ್ತದೆ. ಡಿ ಹಂತದಲ್ಲಿ ಕಣಜ ಹೊರಬೀಳುತ್ತವೆ. ಇ ಹಂತದ ಕೆಂಪು ಮೆತ್ತನೆಯ ಹಣ್ಣು ಬಾವಲಿಗೂ ಹಕ್ಕಿಗೂ.

ಕೀಳಬೇಕಾದದ್ದು ಡಿ ಹಂತದ ಹೊಸ್ತಿಲಲ್ಲಿ, ಹೊರಗೋಡೆಯಲ್ಲಿ ತೂತು ಬೀಳುವ ಸ್ವಲ್ಪ ಮುಂಚೆ. ಇದಕ್ಕೆ ಕಾರಣ ಇದೆ. ಮೊದಲು ಗಂಡು ಕಣಜಗಳು ತಮ್ಮ ಗಂಟು ಕೊರೆದು ಹೊರಬರುತ್ತವೆ. ರೆಕ್ಕೆಯಿಲ್ಲ, ಮೈಬಣ್ಣ ಜೇನಿನಂತೆ. ಅವು ಹೆಣ್ಣಿರುವ ಗಂಟಿಗೆ ತೂತು ಕೊರೆದು ಕೂಡುತ್ತವೆ, ಆಮೇಲೆ ಕಾಯಿಯ ಗೋಡೆಗೆ ಸುರಂಗ ಕೊರೆಯುತ್ತವೆ. ಹೆಣ್ಣು ಪರಾಗ ತುಂಬಿಕೊಂಡು ಆ ಸುರಂಗದಿಂದ ಹಾರಿಹೋಗುತ್ತವೆ. ಮುಚ್ಚಿದ ಕಾಯಿಯೊಳಗೆ ಇಂಗಾಲದ ಡೈಆಕ್ಸೈಡ್ ಹೊರಗಿನ ಗಾಳಿಗಿಂತ ಎಷ್ಟೋ ಪಟ್ಟು ಹೆಚ್ಚು. ಆ ಗಾಳಿಯಲ್ಲಿ ಗಂಡು ಚುರುಕಾಗಿರುತ್ತವೆ, ಹೆಣ್ಣು ಮಂಕಾಗಿ ಬಿದ್ದಿರುತ್ತವೆ. ಸುರಂಗ ತೆರೆದು ಹೊರಗಾಳಿ ನುಗ್ಗಿದ ಮೇಲೆಯೇ ಹೆಣ್ಣಿಗೆ ಚುರುಕು. ಅರಳಿಕಾಯಿಯಲ್ಲಿ ಇದನ್ನು 1973ರಲ್ಲೇ ತೋರಿಸಿದ್ದಾರೆ. ಆದ್ದರಿಂದ "ಬೇಗ ಹೊರಬರಲಿ" ಎಂದು ಕಾಯಿಗೆ ಚಾಕುವಿನಿಂದ ಗೀರು ಹಾಕುವುದು ಕೆಲಸ ಕೆಡಿಸುತ್ತದೆ. ಗಾಳಿ ಹೊಕ್ಕರೆ ಗಂಡಿನ ಕೆಲಸ ನಿಧಾನವಾಗುತ್ತದೆ, ಹೊರಬಂದ ಹೆಣ್ಣುಗಳಲ್ಲಿ ಪರಾಗ ತುಂಬಿಕೊಳ್ಳದವೂ ಸೇರಿರುತ್ತವೆ.

ಸಿ ಹಂತದ ನಡುವೆ ಕಿತ್ತರೆ ಇನ್ನೂ ಕಷ್ಟ. ಮರದಿಂದ ಬೇರಾದ ಕಾಯಿ ಸೊರಗಿ ಗೋಡೆ ತೊಗಲಿನಂತಾಗುತ್ತದೆ, ಮರಿಗಳು ಅರ್ಧಕ್ಕೇ ನಿಲ್ಲುತ್ತವೆ. ಒಳಗಿನ ಕಣಜ ಪೂರ್ತಿ ರೂಪ ತಳೆದಿದ್ದರೆ ಮಾತ್ರ ಕಿತ್ತ ಕಾಯಿಯಿಂದ ಹೊರಬರುತ್ತವೆ.

ಹೊರಗಿನ ಗುರುತುಗಳು: ಕಾಯಿ ಒಂದೆರಡು ದಿನದಲ್ಲಿ ಇದ್ದಕ್ಕಿದ್ದಂತೆ ಉಬ್ಬುತ್ತದೆ, ದಟ್ಟ ಹಸಿರು ತಿಳಿಯಾಗುತ್ತದೆ, ಹೆಬ್ಬೆರಳಿನಿಂದ ಒತ್ತಿದರೆ ಸ್ವಲ್ಪ ಬಾಗುತ್ತದೆ. ಚಗಳಿ ಇರುವೆ ಒಂದು ಗೊಂಚಲನ್ನು ಬಿಟ್ಟು ಕದಲದೆ ಕಾದಿದ್ದರೆ ಅದೂ ಒಳ್ಳೆಯ ಸುಳಿವು. ಆದರೆ ಖಾತ್ರಿ ಬೇಕೆಂದರೆ ಗೊಂಚಲಿನ ಒಂದು ಕಾಯಿಯನ್ನು ಬಲಿಕೊಡಬೇಕು. ಮೂತಿಯಿಂದ ತೊಟ್ಟಿನವರೆಗೆ ಉದ್ದಕ್ಕೆ ಸೀಳಿ, 10 ಪಟ್ಟಿನ ಕೈಮಸೂರದಲ್ಲಿ ಗಂಟು ನೋಡಿ. ಒತ್ತಿದರೆ ಹಾಲಿನಂಥ ನೀರು ಬಂದರೆ ಇನ್ನೂ ಬಹಳ ಮುಂಚೆ. ಬಿಳಿ ಗೊಂಬೆಯಂಥ ಕೋಶಕ್ಕೆ ಕೆಂಪು ಕಣ್ಣು ಮೂಡಿದ್ದರೆ ಇನ್ನೂ ಕೆಲವು ದಿನ ಬಿಡಿ. ಗಂಟಿನ ಸಿಪ್ಪೆಯ ಮೂಲಕ ಕಪ್ಪು ಮೈ ಕಾಣುತ್ತಿದ್ದು, ಒಂದೆರಡು ಜೇನುಬಣ್ಣದ ಗಂಡು ಗಂಟುಗಳ ನಡುವೆ ತೆವಳುತ್ತಿದ್ದರೆ, ಅದೇ ಗೊಂಚಲಿನ ಉಳಿದ ಕಾಯಿಗಳನ್ನು ಆಗಲೇ ಕೀಳಿ. ನಾಳೆಗೆ ಬಿಡಬೇಡಿ.

ಧಾರವಾಡದ ಹಳ್ಳ-ಕೊಳ್ಳದ ದಂಡೆಗಳಲ್ಲಿ ಹುಡುಕಿದರೆ ಅತ್ತಿಮರ ಸಿಗುತ್ತವೆ. ಒಂದು ಮರದ ಕಾಯಿಗಳೆಲ್ಲ ಹೆಚ್ಚುಕಡಿಮೆ ಒಂದೇ ಹಂತದಲ್ಲಿರುತ್ತವೆ, ಪಕ್ಕದ ಮರ ಬೇರೆಯೇ ಹಂತದಲ್ಲಿರುತ್ತದೆ. ಹಾಗಾಗಿ ಒಂದೇ ಮರ ನೆಚ್ಚಿಕೊಳ್ಳದೆ ನಾಲ್ಕೈದು ಮರ ಗುರುತು ಮಾಡಿಟ್ಟುಕೊಂಡು ವಾರಕ್ಕೆರಡು ಸಲ ನೋಡುವುದು ಲೇಸು. ಕಾಂಡದ ಮೇಲೇ ಕಾಯಿ ಬಿಡುವುದರಿಂದ ಏಣಿಯ ಅಗತ್ಯ ಕಡಿಮೆ. ಕಟ್ಟೆ ಕಟ್ಟಿದ ಔದುಂಬರವಾದರೆ ಪೂಜೆ ಮಾಡುವವರನ್ನು ಕೇಳಿಯೇ ಮುಟ್ಟಿ. ಯಾವ ಮರಕ್ಕೂ ಮೊಳೆ ಹೊಡೆಯಬೇಡಿ, ಗುರುತಿನ ಚೀಟಿಯನ್ನು ಹತ್ತಿಯ ದಾರದಿಂದ ಸಡಿಲವಾಗಿ ಕಟ್ಟಿದರೆ ಸಾಕು.

ಕೀಳುವಾಗ ಕಾಯನ್ನು ತಿರುವಿ ಕೀಳದೆ, ತೊಟ್ಟಿನ ಸಮೇತ ಕತ್ತರಿಯಿಂದ ಕತ್ತರಿಸಿ. ತಿರುವಿದರೆ ತೊಟ್ಟಿನ ಬುಡ ಹರಿದು ಹಾಲು ಸುರಿಯುತ್ತದೆ. ಆ ಹಾಲು ಡಬ್ಬಿಯಲ್ಲಿ ಸೋರಿದರೆ ಹೊರಬಂದ ಹುಳವೆಲ್ಲ ಅದಕ್ಕೇ ಅಂಟಿ ಸಾಯುತ್ತವೆ. ತೊಟ್ಟು ಕೆಳಗೆ ಮಾಡಿ ಕಾಗದದ ಮೇಲೆ 15 ನಿಮಿಷ ನಿಲ್ಲಿಸಿ, ಒದ್ದೆ ಬಟ್ಟೆಯಿಂದ ಒರೆಸಿ, ತುದಿಗೆ ಒಲೆಬೂದಿ ಒತ್ತಿ.

ಡಬ್ಬಿ

ಕಣಜ ಬೆಳಕಿನ ಕಡೆ ನಡೆಯುತ್ತವೆ. ಡಬ್ಬಿಯೆಲ್ಲ ಕತ್ತಲಾಗಿದ್ದು ಒಂದೇ ಕಡೆ ಬೆಳಕಿದ್ದರೆ ಅವು ತಾವಾಗಿ ಅಲ್ಲಿಗೆ ಬಂದು ಸೇರುತ್ತವೆ. ಇಡೀ ರಚನೆ ನಿಂತಿರುವುದು ಇದರ ಮೇಲೆ.

ಬೇಕಾದದ್ದು: ಅಗಲ ಬಾಯಿಯ, ತಿರುಪು ಮುಚ್ಚಳದ 5 ಲೀಟರ್ ಪ್ಲಾಸ್ಟಿಕ್ ಡಬ್ಬಿ, ಬಿರುಡೆ ಸಮೇತ 1 ಲೀಟರಿನ ಖಾಲಿ ನೀರಿನ ಬಾಟಲಿ, ಆರ್ಗಂಜಾ ಬಟ್ಟೆ ಕಾಲು ಮೀಟರ್, 6 ಮಿ.ಮೀ. ಕಣ್ಣಿನ ತಂತಿ ಜಾಳಿಗೆ, ಡಬ್ಬಿಯ ತಳದ ಅಳತೆಗೆ, ಕಪ್ಪು ಬಣ್ಣ, ನಲ್ಲಿಗೆ ಸುತ್ತುವ ಬಿಳಿ ಟೆಫ್ಲಾನ್ ಟೇಪು, ಕಾಗದದ ಟೇಪು, ರಬ್ಬರ್ ಬ್ಯಾಂಡ್, ಟಿಶ್ಯೂ ಕಾಗದ.

ಬಟ್ಟೆಯ ಬಗ್ಗೆ ಒಂದು ಮಾತು. ಸೊಳ್ಳೆ ಪರದೆ ಇಲ್ಲಿ ನಡೆಯುವುದಿಲ್ಲ. ಅದರ ಕಣ್ಣು ಒಂದು ಮಿ.ಮೀ.ಗಿಂತ ದೊಡ್ಡದು, ಈ ಕಣಜದ ಎದೆಯ ಅಗಲ ಅದರ ಅರ್ಧದಷ್ಟು. ರಾಜಮಾರ್ಗದಲ್ಲಿ ನಡೆದ ಹಾಗೆ ದಾಟಿಹೋಗುತ್ತವೆ. ಅಂಗಡಿಯಲ್ಲಿ ಆರ್ಗಂಜಾ ಕೇಳಿ, ಬೆಳಕಿಗೆ ಹಿಡಿದು ಮಸೂರದಲ್ಲಿ ನೋಡಿ. ಎಳೆಗಳ ನಡುವಿನ ಸಂದು 0.3 ಮಿ.ಮೀ.ಗಿಂತ ಕಡಿಮೆ ಇರಬೇಕು, ಬೆರಳಿನಿಂದ ಎಳೆದಾಗ ಎಳೆ ಸರಿಯಬಾರದು. ಎಳೆ ಸರಿಯುವ ಅಗ್ಗದ ಬಟ್ಟೆ ಮೊದಲ ತೊಳೆತಕ್ಕೇ ಜಾಳುಜಾಳಾಗುತ್ತದೆ. ಮಲ್ ಬಟ್ಟೆ ಡಬ್ಬಿಗೆ ಆಗುತ್ತದೆ, ಆದರೆ ಒಳಗಿನದು ಕಾಣುವುದಿಲ್ಲ, ಮಳೆಗಾಲದಲ್ಲಿ ಬೂಸ್ಟು ಹಿಡಿಯುತ್ತದೆ.

ಬಾಟಲಿಯ ಕತ್ತಿನ ತಿರುಪಿನ ಹೊರ ಅಳತೆ ಸಾಮಾನ್ಯವಾಗಿ 27-28 ಮಿ.ಮೀ., ಈಗಿನ ಗಿಡ್ಡ ಕತ್ತಿನ ಬಾಟಲಿಗಳಲ್ಲಿ ಬೇರೆ ಇರಬಹುದು. ಅಳೆದುಕೊಂಡು, ಮುಚ್ಚಳದ ನಡುವೆ 1 ಮಿ.ಮೀ. ಕಡಿಮೆ ಅಳತೆಯ ವೃತ್ತ ಎಳೆಯಿರಿ. ಬಯಲಿನಲ್ಲಿ ಕೂತು ಸೋಲ್ಡರಿಂಗ್ ಕಡ್ಡಿಯಿಂದ ವೃತ್ತದ ಒಳಗೆರೆಗೆ ಒತ್ತೊತ್ತಾಗಿ ತೂತು ಹಾಕಿ, ಚಾಕುವಿನಿಂದ ಬಿಡಿಸಿ, ಅರದಿಂದ ಉಜ್ಜುತ್ತ ಕತ್ತು ಬಿಗಿಯಾಗಿ ಇಳಿಯುವಷ್ಟು ಹಿಗ್ಗಿಸಿ. ಬಾಟಲಿಯನ್ನು ಕತ್ತಿನ ಉಂಗುರದಿಂದ 12 ಸೆಂ.ಮೀ. ದೂರದಲ್ಲಿ ಅಡ್ಡ ಕತ್ತರಿಸಿ. ಬೇಕಾದದ್ದು ಕತ್ತಿನ ಭಾಗ. ಕತ್ತರಿಸಿದ ಅಂಚಿಗೆ ಕಾಗದದ ಟೇಪು ಮಡಚಿ ಅಂಟಿಸಿ, ಇಲ್ಲವಾದರೆ ಬಟ್ಟೆ ಹರಿಯುತ್ತದೆ. ಬಿರುಡೆಯ ನಡುವೆ 16 ಮಿ.ಮೀ. ತೂತು ಮಾಡಿ.

ಜೋಡಣೆ ಹೀಗೆ. ಬಾಟಲಿಯನ್ನು ತಲೆಕೆಳಗಾಗಿ ಹಿಡಿದು ಕತ್ತನ್ನು ಮುಚ್ಚಳದ ತೂತಿಗೆ ಮೇಲಿನಿಂದ ಇಳಿಸಿ. ಕತ್ತಿನ ಉಂಗುರ ಮುಚ್ಚಳದ ಮೇಲೆ ಕೂರುತ್ತದೆ. ಉಂಗುರದ ಕೆಳಗೆ ಟೆಫ್ಲಾನ್ ಟೇಪು ಐದಾರು ಸುತ್ತು ಸುತ್ತಿರಿ. ಮುಚ್ಚಳದ ಒಳಗಡೆಯಿಂದ ತೂತು ಮಾಡಿದ ಬಿರುಡೆಯನ್ನು ತಿರುಪಿ ಬಿಗಿಯಿರಿ. ಉಂಗುರ ಮತ್ತು ಬಿರುಡೆಯ ನಡುವೆ ಮುಚ್ಚಳ ಕಚ್ಚಿಕೊಂಡು ನಿಲ್ಲುತ್ತದೆ, ಅಂಟು ಬೇಡವೇ ಬೇಡ. ತಕ್ಷಣ ಹಿಡಿಯುವ ಅಂಟು ಈ ಜಾತಿಯ ಪ್ಲಾಸ್ಟಿಕ್ಕಿಗೆ ನಿಲ್ಲುವುದಿಲ್ಲ: ಒಣಗಿದಾಗ ಗಟ್ಟಿ ಅನ್ನಿಸುತ್ತದೆ, ಮುಚ್ಚಳ ಎರಡು ಸಲ ತಿರುಗಿಸಿದರೆ ಪದರವಾಗಿ ಎದ್ದುಬರುತ್ತದೆ. ಮುಚ್ಚಳ 2 ಮಿ.ಮೀ.ಗಿಂತ ದಪ್ಪವಿದ್ದರೆ ಬಿರುಡೆಗೆ ಒಂದು ಸುತ್ತೂ ಸಿಗುವುದಿಲ್ಲ, ತೂತಿನ ಸುತ್ತ ಒಳಮೈ ಕೆರೆದು ತೆಳುಮಾಡಬೇಕು.

ಬಾಟಲಿಯ ಮೇಲಿನ ಅಗಲ ಬಾಯಿಗೆ ಆರ್ಗಂಜಾ ಹೊದಿಸಿ ಎರಡು ರಬ್ಬರ್ ಬ್ಯಾಂಡ್ ಹಾಕಿ. ಹುಳ ಮೇಲೇರಿ ಸೇರುವ ಜಾಗವೂ ಅದೇ, ಗಾಳಿ ಹೋಗುವ ದಾರಿಯೂ ಅದೇ.

ಗಾಳಿ ಬರುವ ದಾರಿ ಬೇರೆ ಬೇಕು. ಅದನ್ನು ಡಬ್ಬಿಯ ಪಕ್ಕಕ್ಕೆ ಮಾಡಿದರೆ ಬಟ್ಟೆಯ ಮೂಲಕ ಬೆಳಕೂ ಒಳಬರುತ್ತದೆ, ಅರ್ಧಕ್ಕರ್ಧ ಹುಳ ಮೇಲೆ ಹತ್ತದೆ ಆ ಕಿಟಕಿಗೇ ಮುತ್ತಿಕೊಂಡು ಕೂರುತ್ತವೆ. ಆದ್ದರಿಂದ ತಳದಲ್ಲಿ 5 ಸೆಂ.ಮೀ. ಅಗಲದ ತೂತು ಮಾಡಿ, ಒಳಗಿನಿಂದ ಬಟ್ಟೆ ಅಂಟಿಸಿ, ಕೆಳಗೆ ಕಪ್ಪು ಕಾಗದ ಹಾಸಿ, ಅದರ ಮೇಲೆ 2 ಸೆಂ.ಮೀ. ದಪ್ಪದ ಎರಡು ಪಟ್ಟಿ ಇಟ್ಟು, ಪಟ್ಟಿಗಳ ಮೇಲೆ ಡಬ್ಬಿ ಇಡಿ. ಗಾಳಿ ಕೆಳಗಿನಿಂದ ಮೇಲೆ ಆಡುತ್ತದೆ, ಬೆಳಕು ಬರುವುದಿಲ್ಲ. ಡಬ್ಬಿಗೂ ಮುಚ್ಚಳಕ್ಕೂ ಹೊರಗಿನಿಂದ ಕಪ್ಪು ಬಣ್ಣ ಬಳಿಯಿರಿ. ವಾಸನೆ ಪೂರ್ತಿ ಹೋಗುವವರೆಗೆ, ಅಂದರೆ ಕನಿಷ್ಠ ಒಂದು ವಾರ, ಬಿಸಿಲಿಗೆ ತೆರೆದಿಡಿ. ಬಣ್ಣದ ಆವಿ ಇಷ್ಟು ಸಣ್ಣ ಜೀವಕ್ಕೆ ವಿಷವೇ. ಕೊನೆಗೆ ಕತ್ತಲ ಕೋಣೆಯಲ್ಲಿ ಮೊಬೈಲಿನ ಟಾರ್ಚು ಹೊತ್ತಿಸಿ ಡಬ್ಬಿಯೊಳಗಿಟ್ಟು ಮುಚ್ಚಳ ಹಾಕಿ. ಹೊರಗೆ ಎಲ್ಲೆಲ್ಲಿ ಚುಕ್ಕಿ ಬೆಳಕು ಕಾಣುತ್ತದೆಯೋ ಅಲ್ಲೆಲ್ಲ ಮತ್ತೊಂದು ಕೈ ಬಣ್ಣ.

ತಳದಲ್ಲಿ ತೂತು ಮುಚ್ಚದಂತೆ ಟಿಶ್ಯೂ ಹಾಸಿ. ಜಾಳಿಗೆಯ ಅಂಚು ಮಡಚಿ 3 ಸೆಂ.ಮೀ. ಎತ್ತರದ ಕಾಲು ಮಾಡಿ ಇಡಿ. ಅದರ ಮೇಲೆ ಆರರಿಂದ ಎಂಟು ಕಾಯಿ, ಒಂದಕ್ಕೊಂದು ತಾಗದಂತೆ, ಒಂದೇ ಸಾಲು. ಇದಕ್ಕಿಂತ ಹೆಚ್ಚು ತುಂಬಿದರೆ ಬೆವರು ಮತ್ತು ಬೂಸ್ಟು. ಒಂದು ಡಬ್ಬಿಗೆ ಒಂದೇ ಮರದ ಕಾಯಿ. ಕಾಯಿಗೊಂದರಂತೆ ಲೆಕ್ಕ ಬೇಕಿದ್ದರೆ ಈ ಡಬ್ಬಿ ಬೇಡ: 250 ಮಿ.ಲೀ.ನ ಪಾರದರ್ಶಕ ಬರಣಿಗೆ ಬಟ್ಟೆ ಬಾಯಿ ಕಟ್ಟಿ, ಬರಣಿಗೊಂದು ಕಾಯಿ ಇಡಿ.

ಬೆವರು, ಬಿಸಿಲು, ಇರುವೆ

ಡಬ್ಬಿ ಕೆಡಿಸುವುದರಲ್ಲಿ ಮೊದಲ ಸ್ಥಾನ ನೀರಿನದು. ಕಿತ್ತ ಕಾಯಿ ಬೆವರುತ್ತಲೇ ಇರುತ್ತದೆ. ಆ ಆವಿ ಬಾಟಲಿಯ ಒಳಗೋಡೆಗೆ ಹನಿಗಟ್ಟಿದರೆ ಕಣಜದ ರೆಕ್ಕೆ ಆ ನೀರಿನ ಪದರಕ್ಕೆ ಅಂಟುತ್ತದೆ. ಮಸೂರದಲ್ಲಿ ನೋಡಿದರೆ ಹುಳ ಬೆನ್ನ ಮೇಲೆ ಮಲಗಿ ಕಾಲಾಡಿಸುತ್ತಿರುತ್ತದೆ, ಎರಡೂ ರೆಕ್ಕೆ ಗಾಜಿಗೆ ಅಂಟಿಸಿದ ತೆಳು ಕಾಗದದಂತೆ ಚಪ್ಪಟೆಯಾಗಿರುತ್ತವೆ. ಅಂಥದ್ದನ್ನು ಕುಂಚದಿಂದ ಎತ್ತಿದರೂ ಮತ್ತೆ ಹಾರುವುದು ಅಪರೂಪ. ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಧಾರವಾಡದ ಜಿಟಿಜಿಟಿಯಲ್ಲಿ ಟಿಶ್ಯೂ ದಿನಕ್ಕೆರಡು ಸಲ ಬದಲಿಸಿ, ಕಾಯಿಗಳ ಸಂಖ್ಯೆ ನಾಲ್ಕಕ್ಕಿಳಿಸಿ, ಬಾಟಲಿಯೊಳಗೆ ಟಿಶ್ಯೂವಿನ ಒಂದು ಪಟ್ಟಿ ಇಳಿಬಿಡಿ. ಹುಳ ಅದನ್ನು ಹತ್ತುತ್ತವೆ.

ಮಾರ್ಚ್‌ನಿಂದ ಮೇವರೆಗೆ, ವಿಶೇಷವಾಗಿ ಗದಗಿನ ಒಣ ಗಾಳಿಯಲ್ಲಿ, ತೊಂದರೆ ಉಲ್ಟಾ. ಕಾಯಿಯ ಹೊರಗೋಡೆ ಬೇಗ ಒಣಗಿ ಗಂಡು ಕೊರೆಯಲಾರದಷ್ಟು ಬಿರುಸಾಗುತ್ತದೆ. ಆಗ ಡಬ್ಬಿಯ ಸುತ್ತ ಒದ್ದೆ ಗೋಣಿ ಸುತ್ತಿ, ತಗಡಿನ ಮಾಡಿನ ಕೋಣೆ ಬಿಟ್ಟು ನೆಲಮಾಳಿಗೆ ಅಥವಾ ಕಲ್ಲಿನ ಗೋಡೆಯ ಮೂಲೆಯಲ್ಲಿಡಿ. 22ರಿಂದ 28 ಡಿಗ್ರಿ ಸೆಲ್ಸಿಯಸ್ ನಡುವೆ ಇದ್ದರೆ ನೆಮ್ಮದಿ. ಬಾಟಲಿಗೆ ಕಿಟಕಿಯ ಬೆಳಕು ಬೀಳಲಿ, ನೇರ ಬಿಸಿಲು ಬೇಡ. ಬಿಸಿಲಿನಲ್ಲಿ ಬಾಟಲಿ ಒಲೆಯಾಗುತ್ತದೆ.

ಇರುವೆ ಒಂದು ರಾತ್ರಿಯಲ್ಲಿ ಎಲ್ಲವನ್ನೂ ಸಾಗಿಸುತ್ತವೆ. ಪಟ್ಟಿಗಳನ್ನು ನೀರು ತುಂಬಿದ ತಟ್ಟೆಯ ನಡುವೆ ಇಟ್ಟ ಇಟ್ಟಿಗೆಯ ಮೇಲೆ ನಿಲ್ಲಿಸಿದರೆ ಮುಗಿಯಿತು. ಇರುವೆ ಪುಡಿ, ಸೊಳ್ಳೆ ಬತ್ತಿ ಆ ಕೋಣೆಯಲ್ಲೇ ಬೇಡ.

ಸರಿಯಾದ ಹೊತ್ತಿಗೆ ಕಿತ್ತ ಕಾಯಿಯಿಂದ ಒಂದೆರಡು ದಿನದೊಳಗೆ ಹುಳ ಹೊರಬೀಳುತ್ತವೆ. ಮೂರನೆಯ ದಿನಕ್ಕೂ ತೂತು ಬೀಳದಿದ್ದರೆ ಕಾಯಿ ಸೀಳಿ ನೋಡಿ. ಹೆಣ್ಣು ಕಪ್ಪಾಗಿ ಗಂಟಿನಲ್ಲೇ ಇದ್ದು ಗಂಡು ಸತ್ತು ಬಿದ್ದಿದ್ದರೆ ಗೋಡೆ ಒಣಗಿದೆ ಎಂದರ್ಥ. ಬಿಳಿ ಮರಿಗಳೇ ಇದ್ದರೆ ಕಾಯಿ ಬೇಗ ಕಿತ್ತಾಗಿದೆ. ಆಮೇಲೆ ಹೊರಬರುವ ಹಣ್ಣುನೊಣ, ಪತಂಗದ ಹುಳುಗಳಿಗೆ ಈ ಲೆಕ್ಕದಲ್ಲಿ ಜಾಗವಿಲ್ಲ.

ಹೀರುನಳಿಕೆ ಮತ್ತು ಮದ್ಯಸಾರ

ಬಾಟಲಿಯಿಂದ ಹುಳ ತೆಗೆಯಲು ಇಕ್ಕಳ ಬಳಸಿದರೆ ನಜ್ಜುಗುಜ್ಜಾಗುತ್ತವೆ. 30 ಮಿ.ಲೀ. ಗಾಜಿನ ಸೀಸೆಯ ರಬ್ಬರ್ ಬಿರುಡೆಗೆ ಎರಡು ತೂತು ಹಾಕಿ, ಸಲೈನ್ ಹಾಕುವ ಹೊಸ ನಳಿಕೆಯ ಎರಡು ತುಂಡು ತೂರಿಸಿ: ಒಂದು 15 ಸೆಂ.ಮೀ., ಹುಳದ ಕಡೆಗೆ. ಇನ್ನೊಂದು 40 ಸೆಂ.ಮೀ., ಬಾಯಿಯ ಕಡೆಗೆ. ಬಾಯಿ ನಳಿಕೆಯ ಒಳತುದಿಗೆ ಆರ್ಗಂಜಾ ಎರಡು ಪದರ ದಾರದಿಂದ ಬಿಗಿದು ಕಟ್ಟಿ; ಕಟ್ಟದಿದ್ದರೆ ಹುಳ ಗಂಟಲಿಗೆ. ಬೂಸ್ಟು ಕಂಡ ಡಬ್ಬಿಯಲ್ಲಿ ಬಾಯಿಂದ ಹೀರಬೇಡಿ, ರಬ್ಬರ್ ಬಲ್ಬು ಹಾಕಿಕೊಳ್ಳಿ. ಸೀಸೆಯಲ್ಲಿ ಮದ್ಯಸಾರ ಇಟ್ಟುಕೊಂಡೂ ಹೀರಬಾರದು. ಹುಳದ ಕಡೆ ಹೆದರಿಕೆ ಬೇಡ, ಈ ಕಣಜ ಮನುಷ್ಯರನ್ನು ಕಚ್ಚುವುದಿಲ್ಲ.

ಆಕಾರ ನೋಡಿ ಗುರುತಿಸಲು ಶೇ. 70ರ ಎಥನಾಲ್ ಸಾಕು: ಶುದ್ಧ ಎಥನಾಲ್ 70 ಭಾಗಕ್ಕೆ ಬಟ್ಟಿ ಇಳಿಸಿದ ನೀರು 30 ಭಾಗ. ಡಿಎನ್‌ಎ ಕೆಲಸಕ್ಕೆ ಕೊಡುವುದಾದರೆ ಶೇ. 95ಕ್ಕೆ ಮೇಲ್ಪಟ್ಟದ್ದು ಬೇಕು. ಸ್ಯಾನಿಟೈಸರ್ ಜೆಲ್ ಆಗದು, ಮೈಗೆಲ್ಲ ಮೆತ್ತಿಕೊಳ್ಳುತ್ತದೆ. ಚೀಟಿಯನ್ನು ಪೆನ್ಸಿಲಿನಲ್ಲಿ ಬರೆದು ಸೀಸೆಯ ಒಳಗೇ ಹಾಕಿ. ಬಾಲ್‌ಪೆನ್ನಿನ ಶಾಯಿ ಕರಗಿ ಮಾಯವಾಗುತ್ತದೆ. ದಿನಾಂಕ, ಊರು, ಮರದ ಸಂಖ್ಯೆ, ಕಾಯಿಯ ಸಂಖ್ಯೆ, ನೆಲದಿಂದ ಎತ್ತರ, ಕೀಳುವಾಗಿನ ಹಂತ. ಇವಿಲ್ಲದ ಸೀಸೆ ಎಷ್ಟು ಚಂದದ ಹುಳ ಹೊತ್ತಿದ್ದರೂ ಉಪಯೋಗಕ್ಕೆ ಬರುವುದಿಲ್ಲ.

ಬಿಳಿ ಟೈಲ್ಸಿನ ಮೇಲೆ ಸುರಿದುಕೊಂಡು ಮಸೂರದಲ್ಲಿ ವಿಂಗಡಿಸುವಾಗ ಮೊದಲು ಹಿಂಭಾಗ ನೋಡಿ. ಪರಾಗ ಹೊರುವ ಸೆರಟೊಸೋಲೆನ್ ಹೆಣ್ಣಿಗೆ ಹೊರಚಾಚಿದ ಸೂಜಿ ಗಿಡ್ಡ. ತಲೆಯ ಕೆಳಗೆ ದವಡೆಗೆ ಹತ್ತಿ, ಸಾಲುಸಾಲು ಹಲ್ಲುಗಳಿರುವ ಪಟ್ಟಿ ಇರುತ್ತದೆ, ಮೂತಿಯಲ್ಲಿ ತೂರಲು ಹಿಡಿತ ಕೊಡುವುದು ಅದೇ. ಈ ಪಟ್ಟಿ ಕಂಡರೆ ಮತ್ತೆ ಅನುಮಾನ ಬೇಡ. ಬಾಲದಂತೆ ಉದ್ದ ಸೂಜಿ ಇರುವವೆಲ್ಲ ಹೊರಗಿನಿಂದ ಚುಚ್ಚಿದವರ ಗುಂಪು. ಅವುಗಳಲ್ಲೂ ಸರದಿ ಇದೆ: ಪರಾಗದ ಕಣಜ ಬರುವ ಮೊದಲೇ, ಎಳೆಗಾಯಿಯಲ್ಲಿ, ಗಂಟು ಕಟ್ಟಿಸುವವು ಸೈಕೋಫಾಗಾ ಟೆಸ್ಟೇಸಿಯಾ ಮತ್ತು ಸ್ಟ್ರಾಥೆನಿ, ಬಿ ಹಂತದ ಆಸುಪಾಸಿನಲ್ಲಿ ಬರುವುದು ಸೈಕೋಫಾಗಾ ಫಸ್ಕಾ, ಆಮೇಲೆ ಬಂದು ಬೇರೆಯವರ ಗಂಟಿನ ಮೇಲೆ ಬದುಕುವವು ಸೈಕೋಫಾಗಾ ಅಗ್ರಾಯೆನ್ಸಿಸ್ ಮತ್ತು ಅಪೊಕ್ರಿಪ್ಟಾ ಕುಲದವು. ಹಳೆಯ ಲೇಖನಗಳಲ್ಲಿ ಇದೇ ಸೈಕೋಫಾಗಾಗಳಿಗೆ ಅಪೊಕ್ರಿಪ್ಟೊಫೇಗಸ್ ಎಂಬ ಕುಲನಾಮ ಇರುತ್ತದೆ. ತಡವಾಗಿ ಬಂದವರಿಗೆ ದಪ್ಪಗಾದ ಗೋಡೆ ದಾಟಬೇಕಾದ್ದರಿಂದ ಉದ್ದ ಸೂಜಿ ಬೇಕೇಬೇಕು.

ಮರದ ಮೇಲಿನ ಚೀಲ

ಯಾರು ಬಂದರೆ ಏನಾಗುತ್ತದೆ ಎಂದು ತಿಳಿಯಬೇಕಾದರೆ ಎ ಹಂತದ ಗೊಂಚಲಿಗೇ ಚೀಲ ಹೊದಿಸಬೇಕು. ಇಲ್ಲಿ ಬಹಳ ಜನ ಎಡವುವುದು ಬಟ್ಟೆ ಕಾಯಿಗೆ ತಾಗಿಸಿ ಕಟ್ಟುವುದರಲ್ಲಿ. ಅಪೊಕ್ರಿಪ್ಟಾದ ಸೂಜಿ ಕೂದಲಿಗಿಂತ ತೆಳು, ತುದಿಯಲ್ಲಿ ಸತು ಸೇರಿ ಗಡುಸಾಗಿರುತ್ತದೆ ಎಂಬುದನ್ನು ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ಸಂಶೋಧಕರು 2014ರಲ್ಲಿ ಪ್ರಕಟಿಸಿದ್ದಾರೆ. ಗಟ್ಟಿ ಕಾಯಿ ಕೊರೆಯುವ ಆ ಸೂಜಿಗೆ ಆರ್ಗಂಜಾ ಒಂದು ಅಡ್ಡಿಯೇ ಅಲ್ಲ. ಹುಳ ಬಟ್ಟೆಯ ಹೊರಗೆ ಕೂತೇ ಒಳಗಿನ ಕಾಯಿಗೆ ಮೊಟ್ಟೆ ಇಡುತ್ತದೆ. ಬಟ್ಟೆ ಮತ್ತು ಕಾಯಿಯ ನಡುವೆ ಎಲ್ಲ ಕಡೆ ಕನಿಷ್ಠ 4 ಸೆಂ.ಮೀ. ಬಯಲು ಇರಲೇಬೇಕು. ಅದಕ್ಕಾಗಿಯೇ ತಂತಿಯ ಬಳೆ.

25 ಸೆಂ.ಮೀ. ವ್ಯಾಸ, 40 ಸೆಂ.ಮೀ. ಉದ್ದದ ಕೊಳವೆ ಚೀಲಕ್ಕೆ ಬಟ್ಟೆ 82 ಸೆಂ.ಮೀ. ಅಗಲ, 70 ಸೆಂ.ಮೀ. ಉದ್ದ ಕತ್ತರಿಸಿ, ಎರಡೂ ತುದಿಗೆ 15 ಸೆಂ.ಮೀ. ಕುತ್ತಿಗೆಗೆ ಬರುತ್ತದೆ. ಉದ್ದದ ಅಂಚನ್ನು ಅಂಚು ಒಳಗೆ ಮುಚ್ಚಿಹೋಗುವಂತೆ ಎರಡು ಸಲ ಹೊಲಿಯಬೇಕು. ಟೇಲರಿಗೆ 11ನೇ ನಂಬರ್ ಸೂಜಿ ಹಾಕಲು ಹೇಳಿ. ದಪ್ಪ ಬಟ್ಟೆಗೆ ಬಳಸುವ 16ನೇ ನಂಬರಿನದು ಆರ್ಗಂಜಾದಲ್ಲಿ ಬಿಡುವ ತೂತು ಕಣಜ ನುಸುಳುವಷ್ಟು ಹಿಗ್ಗುತ್ತದೆ. ಎರಡೂ ತುದಿಗೆ ಪಾಯಿಜಾಮಕ್ಕೆ ಹಾಕುವಂತೆ ನೇಫೆ ಮಡಚಿ ಲಾಡಿ ತೂರಿಸಿ. ಬಳೆಗೆ 12 ಗೇಜಿನ ಜಿಐ ತಂತಿ, ಒಂದಕ್ಕೆ 85 ಸೆಂ.ಮೀ.; ತುದಿಗಳನ್ನು ಒಂದರ ಮೇಲೊಂದು 6 ಸೆಂ.ಮೀ. ತಂದು ಕಟ್ಟುತಂತಿಯಿಂದ ಸುತ್ತಿ, ಮೊನೆಯ ಮೇಲೆ ಟೇಪು ಹಾಕಿ. ಎರಡು ಬಳೆಗಳ ನಡುವೆ 30 ಸೆಂ.ಮೀ.ನ ಮೂರು ಬಿದಿರು ಕಡ್ಡಿ ಕಟ್ಟಿದರೆ ಪಂಜರ ಸಿದ್ಧ.

ಕಾಂಡಕ್ಕೇ ಅಂಟಿದ ಗೊಂಚಲು ಬಿಟ್ಟು, ಇಳಿಬಿದ್ದ ಗಿಡ್ಡ ರೆಂಬೆಯ ಗೊಂಚಲನ್ನು ಆರಿಸಿ. ಕಾಂಡದ ಒರಟು ತೊಗಟೆಯ ಮೇಲೆ ಬಟ್ಟೆ ಬಿಗಿಯಾಗಿ ಕೂರುವುದೇ ಇಲ್ಲ. ಲಾಡಿಯ ಕೆಳಗೆ ಹತ್ತಿಯ ದಪ್ಪ ಸುತ್ತು ಹಾಕಿ ಕಟ್ಟಿ. ಇರುವೆ ತಡೆಯಲು ರೆಂಬೆಗೆ ಪ್ಲಾಸ್ಟಿಕ್ ಟೇಪು ಸುತ್ತಿ, ಟೇಪಿನ ಮೇಲೆ ಮಾತ್ರ ಗ್ರೀಸು ಹಚ್ಚಿ. ತೊಗಟೆಗೆ ನೇರವಾಗಿ ಹಚ್ಚಿದರೆ ಮರಕ್ಕೆ ಕೇಡು. ಆಷಾಢದ ಗಾಳಿಗೆ ಚೀಲ ತೂಗಾಡಿ ಕಾಯಿ ಉದುರಿಸುತ್ತದೆ, ಹಾಗಾಗಿ ಬಳೆಯಿಂದ ಕಾಂಡಕ್ಕೆ ಇನ್ನೊಂದು ಹಗ್ಗ ಬಿಗಿಯಿರಿ. ಮಳೆಗೆ ಒದ್ದೆಯಾದ ಬಟ್ಟೆ ಒಳಕ್ಕೆ ಜೋತುಬೀಳುವುದನ್ನು ಪ್ರತಿ ಮಳೆಯ ಮರುದಿನ ನೋಡಿ. ಮುಸುವಗಳು ಓಡಾಡುವ ದಾರಿಯಲ್ಲಿ ಚೀಲ ಕಟ್ಟಿ ಫಲವಿಲ್ಲ.

ಒಂದೇ ಮರದಲ್ಲಿ ಮೂರು ಬಗೆ ಇಟ್ಟುಕೊಳ್ಳಿ: ಚೀಲ ಹಾಕಿ ಏನನ್ನೂ ಬಿಡದ ಗೊಂಚಲು, ಚೀಲ ಹಾಕಿ ಪರಾಗದ ಕಣಜ ಮಾತ್ರ ಬಿಟ್ಟ ಗೊಂಚಲು, ಚೀಲವಿಲ್ಲದೆ ಎಣಿಸಿ ಗುರುತಿಸಿದ ಗೊಂಚಲು. ಬಿಡಲು ಬೇಕಾದ ಕಣಜ ಬೇರೆ ಮರದಿಂದ ಬರಬೇಕು, ಅದರ ಆಯುಸ್ಸು ಒಂದೆರಡು ದಿನ ಮಾತ್ರ. ಹಾವೇರಿಯ ಮರದಿಂದ ಧಾರವಾಡದ ಮರಕ್ಕೆ ತರುವುದಾದರೆ ಬಿಡಿ ಹುಳ ತರಬೇಡಿ. ಇನ್ನೇನು ತೂತು ಬೀಳುವ ಕಾಯಿಗಳನ್ನೇ ಒದ್ದೆ ಬಟ್ಟೆ ಹಾಸಿದ ಥರ್ಮೋಕೋಲ್ ಪೆಟ್ಟಿಗೆಯಲ್ಲಿ ತನ್ನಿ, ಕಾಯಿಗಿಂತ ಒಳ್ಳೆಯ ಪೆಟ್ಟಿಗೆ ಅವುಗಳಿಗೆ ಇನ್ನೊಂದಿಲ್ಲ. ಹೊರಬಂದ ಹೆಣ್ಣನ್ನು ಸೊನ್ನೆ ನಂಬರಿನ ಮೆತ್ತನೆ ಕುಂಚದಿಂದ ಬಿ ಹಂತದ ಕಾಯಿಯ ಮೂತಿಯ ಪಕ್ಕ ಇಳಿಸಿ. ಕಾಯಿ ಸಿದ್ಧವಿದ್ದರೆ ಮೀಸೆ ಬಡಿಯುತ್ತ ಸುತ್ತಾಡಿ ತಲೆ ತೂರಿಸುತ್ತದೆ. ಹತ್ತು ನಿಮಿಷ ಕಳೆದರೂ ಮೂತಿಯತ್ತ ಸುಳಿಯದಿದ್ದರೆ ಕಾಯಿ ಇನ್ನೂ ಆ ಹಂತಕ್ಕೆ ಬಂದಿಲ್ಲ, ಅಥವಾ ದಾಟಿದೆ. ಕಾಯಿಗೆ ಮೂರು ಹೆಣ್ಣು ಸಾಕು. ಮೂತಿಯಲ್ಲಿ ರೆಕ್ಕೆ ಸಿಕ್ಕಿದ್ದೇ ದಾಖಲೆ.

ಏನನ್ನೂ ಬಿಡದ ಚೀಲದಲ್ಲಿ ಕಾಯಿ ಸಣ್ಣದಿರುವಾಗಲೇ ಉದುರಿ ತಳದಲ್ಲಿ ಸೇರುತ್ತವೆ. ಅದರಲ್ಲೂ ಕೆಲವು ಉದುರದೆ ಬೆಳೆದರೆ ಸೀಳಿ ನೋಡಿ. ಚೀಲ ಹಾಕುವ ಮುಂಚೆಯೇ ಸೈಕೋಫಾಗಾ ಚುಚ್ಚಿಹೋದ ಗುರುತು ಸಿಗುವ ಸಂಭವ ಹೆಚ್ಚು. ಚೀಲವನ್ನು ಇನ್ನೂ ಎಳೆಯ ಗೊಂಚಲಿಗೆ ಹಾಕಬೇಕಿತ್ತು ಎಂದರ್ಥ.

ಗಂಟೋ ಬೀಜವೋ

ಹುಳ ಹೊರಬಿದ್ದ ಕಾಯಿಯನ್ನು ಶೇ. 70ರ ಮದ್ಯಸಾರದಲ್ಲಿ ಒಂದು ದಿನ ನೆನೆಸಿ, ಮೂತಿಯಿಂದ ತೊಟ್ಟಿಗೆ ಉದ್ದಕ್ಕೆ ನಾಲ್ಕು ಹೋಳು ಮಾಡಿ. ಅಡ್ಡ ಕತ್ತರಿಸಬೇಡಿ: ಮೂತಿಯ ಹತ್ತಿರ ಮತ್ತು ತೊಟ್ಟಿನ ಹತ್ತಿರ ಗಂಟು-ಬೀಜಗಳ ಹಂಚಿಕೆ ಬೇರೆ ಇರಬಹುದು, ಉದ್ದದ ಹೋಳಿನಲ್ಲಿ ಮಾತ್ರ ಎಲ್ಲ ಭಾಗವೂ ಸೇರುತ್ತದೆ. ಒಂದು ಹೋಳು ಪೂರ್ತಿ ಎಣಿಸಿ ನಾಲ್ಕರಿಂದ ಗುಣಿಸಬಹುದು. ತಿಂಗಳಿಗೊಮ್ಮೆ ಒಂದು ಕಾಯಿಯ ನಾಲ್ಕೂ ಹೋಳು ಎಣಿಸಿ ಈ ಅಂದಾಜು ಎಷ್ಟು ಹತ್ತಿರ ಇದೆ ಎಂದು ಪರೀಕ್ಷಿಸಿ.

ಸೂಜಿಯ ಮೊನೆಯಿಂದ ಒತ್ತಿದರೆ ಗೊತ್ತಾಗುತ್ತದೆ. ಬೀಜ ಗಟ್ಟಿ, ಮೊನೆಯಡಿಯಿಂದ ಜಾರಿ ಸಿಡಿಯುತ್ತದೆ. ಗಂಟು ಟೊಳ್ಳು, ಚಟ್ಟನೆ ಕುಸಿಯುತ್ತದೆ. ನಾಲ್ಕು ಕಲಮು ಹಾಕಿ: ಬೀಜ, ತೂತಿರುವ ಗಂಟು, ತೂತಿಲ್ಲದೆ ಹುಳ ಸತ್ತ ಗಂಟು, ಹುಳವೇ ಇಲ್ಲದ ಪೊಳ್ಳು ಗಂಟು. ತೂತಿರುವ ಗಂಟಿನ ಸಂಖ್ಯೆ ಬರಣಿಯಲ್ಲಿ ಸಿಕ್ಕ ಹುಳಗಳ ಸಂಖ್ಯೆಗೆ ಹತ್ತಿರ ಬರಬೇಕು. ಕಾಯಿಯೊಳಗೇ ಸತ್ತುಬಿದ್ದ ಗಂಡುಗಳನ್ನೂ ಕೂಡಿಸಲು ಮರೆಯಬೇಡಿ. ರೆಕ್ಕೆಯಿಲ್ಲದ ಅವು ಹೊರಬರುವುದು ಕಡಿಮೆ. ಕೂಡಿಸಿಯೂ ಅಂತರ ದೊಡ್ಡದಿದ್ದರೆ ಬರಣಿಯ ಬಾಯಿಬಟ್ಟೆಯನ್ನು ಬೆಳಕಿಗೆ ಹಿಡಿದು ನೋಡಿ.

ಅತ್ತಿ ಎಲೆಯ ಮೇಲೆ ಏಳುವ ಗುಳ್ಳೆಗಳನ್ನು ಈ ಲೆಕ್ಕಕ್ಕೆ ತರಬಾರದು. ಅವು ಕಣಜದ್ದಲ್ಲ, ಪೌರೊಪ್ಸಿಲ್ಲಾ ಡಿಪ್ರೆಸಾ ಎಂಬ ರಸ ಹೀರುವ ಕೀಟದ್ದು. ತೋಟದ ಪುಣೆ ಅಂಜೂರದಲ್ಲೂ ಹುಡುಕಬೇಡಿ, ಆ ತಳಿ ಪರಾಗವಿಲ್ಲದೆಯೇ ಹಣ್ಣು ಕಟ್ಟುತ್ತದೆ. ಆಲಕ್ಕೆ ಯುಪ್ರಿಸ್ಟಿನಾ ಮಸೋನಿ, ಅರಳಿಗೆ ಪ್ಲಾಟಿಸ್ಕಾಪಾ ಕ್ವಾಡ್ರಾಟಿಸೆಪ್ಸ್ ಎಂದು ಬೇರೆ ಬೇರೆ ಕಣಜಗಳಿವೆ. ಡಬ್ಬಿ ಅದೇ ಆಗುತ್ತದೆ, ಆದರೆ ಕಾಯಿ ಚಿಕ್ಕವು, ಹುಳ ಇನ್ನೂ ಸಣ್ಣವು: ಬಟ್ಟೆ ಎರಡು ಪದರ ಹಾಕಿ, ಜಾಳಿಗೆಯ ಕಣ್ಣು 3 ಮಿ.ಮೀ.ಗೆ ಇಳಿಸಿ, ಒಂದು ಡಬ್ಬಿಗೆ ಇಪ್ಪತ್ತರವರೆಗೆ ಕಾಯಿ ಇಡಬಹುದು. ಡಬ್ಬಿ ಒಂದು ಮರದಿಂದ ಇನ್ನೊಂದಕ್ಕೆ ಬದಲಿಸುವಾಗ ಬಿಸಿನೀರಿನಲ್ಲಿ ತೊಳೆದು, ಬಟ್ಟೆ ಬೇರೆ ಹಾಕಿ, ಬಿರುಡೆಯ ತಿರುಪಿನ ಸಂದನ್ನು ಹಳೆಯ ಹಲ್ಲುಜ್ಜುವ ಬ್ರಷ್‌ನಿಂದ ಉಜ್ಜಿ. ಹಿಂದಿನ ಮರದ ಸತ್ತ ಕಣಜ ಉಳಿದುಕೊಳ್ಳುವುದು ಆ ಸಂದಿನಲ್ಲೇ.